ಮ್ಯಾಗಳಳ್ಳಿಯ ಆಡು

ಮೇಕೆ ಕೂಗಿದರೆ ಜನ ಸಾಮಾನ್ಯವಾಗಿ ಬೇಲಿಯ ಕಡೆ ನೋಡುತ್ತಾರೆ. ಹಿತ್ತಲ ಬಾಗಿಲು ಹಾಕಿದೆಯೋ ಇಲ್ಲವೋ, ನೆಟ್ಟ ನುಗ್ಗೆ ಸಸಿ ಉಳಿದಿದೆಯೋ ಹೋಯಿತೋ ಅಂತ ಕೋಲು ಹಿಡಿದು ಓಡುತ್ತಾರೆ. ನಾನು ಮಾತ್ರ ತಲೆ ಎತ್ತಿ ಆಕಾಶ ನೋಡುತ್ತೇನೆ. ಬೇಕೆಂದು ನೋಡುವುದಲ್ಲ, ಕತ್ತು ತಾನಾಗಿಯೇ ಮೇಲಕ್ಕೆ ಹೋಗುತ್ತದೆ. ಮೊನ್ನೆ ಹೀಗೆ ನಾನು ಮೋಡ ನೋಡುತ್ತ ನಿಂತಿದ್ದಾಗ ಪಕ್ಕದ ಮನೆಯ ಮೇಕೆ ನಮ್ಮ ದಾಸವಾಳದ ಗಿಡವನ್ನು ಬುಡದವರೆಗೂ ಮೇಯ್ದು, ಬಾಯಿ ಆಡಿಸುತ್ತ ನನ್ನನ್ನೇ ನೋಡುತ್ತಿತ್ತು. ಸೊಸೆ ಒಳಗಿಂದ ಬಂದು, "ಅದೇನತ್ತೆ, ಮೇಕೆ ಕೆಳಗದೆ, ನೀವು ಮೇಲೆ ನೋಡ್ತಾ ಇದ್ದೀರಿ," ಅಂದಳು. ಕತ್ತು ಹಿಡಿದಿದೆ ಅಂತ ಸುಳ್ಳು ಹೇಳಿದೆ. ಅವಳು, ಪಾಪ, ಸಂಜೆ ಎಣ್ಣೆ ಬಿಸಿ ಮಾಡಿ ತಂದು ಕತ್ತಿಗೆ ಉಜ್ಜಿದಳು. ಸುಮ್ಮನೆ ಉಜ್ಜಿಸಿಕೊಂಡೆ.

ನಿಜ ಹೇಳಬೇಕಾದರೆ ಮ್ಯಾಗಳಳ್ಳಿಯಿಂದ ಶುರು ಮಾಡಬೇಕಾಗುತ್ತದೆ. ಅದು ಎಲ್ಲಿದೆ ಅಂತ ಹುಡುಕಲು ಹೋಗಬೇಡಿ, ಮದ್ದೂರು ತಾಲ್ಲೂಕಿನ ನಕ್ಷೆಯಲ್ಲಿ ಸಿಗುವುದಿಲ್ಲ. ನಮ್ಮ ಊರು ಇದ್ದದ್ದು ಆತಗೂರಿನ ಮಗ್ಗುಲಲ್ಲಿ. ಮ್ಯಾಗಳಳ್ಳಿ ಇದ್ದದ್ದು ನಮ್ಮೂರಿನ ಮೇಲೆ, ನೆಟ್ಟಗೆ ಮೇಲೆ. ನನ್ನ ಅಜ್ಜಿ, ಅಂದರೆ ಅಪ್ಪನ ತಾಯಿ, ಹೇಳುತ್ತಿದ್ದ ಊರು ಅದು. ಅಲ್ಲಿಯೂ ಮನೆ, ಹೊಲ, ಕೆರೆ, ಕಟ್ಟೆ ಎಲ್ಲ ಉಂಟು. ಆದರೆ ಅಲ್ಲಿನ ಜನ ಮಾತಾಡುವುದಿಲ್ಲ. ಮಾತಾಡಲು ಅವರಿಗೆ ಪುರಸೊತ್ತಿಲ್ಲ. ಯಾಕೆಂದರೆ ಅವರ ಆಕಾಶದಲ್ಲಿ ಸೂರ್ಯ ಚಂದ್ರರ ಬದಲು ಸದ್ದುಗಳಿವೆ. ಇಲ್ಲಿ ಕೆಳಗೆ ಹಿಂದೆ ಯಾವತ್ತೋ ಆಗಿಹೋದ ಸದ್ದುಗಳೆಲ್ಲ ಅಲ್ಲಿ ಓಡಾಡಿಕೊಂಡಿರುತ್ತವೆ. ಜನ ಜಗಲಿಯ ಮೇಲೆ ಅಂಗಾತ ಮಲಗಿ ಕೇಳುತ್ತಿರುತ್ತಾರೆ.

"ಸದ್ದು ಸಾಯಾಕಿಲ್ಲ ಕಣವ್ವ," ಅನ್ನುತ್ತಿದ್ದಳು ಅಜ್ಜಿ, ರಾಗಿ ಕೇರುತ್ತ. "ಮನುಸ ಸಾಯ್ತಾನೆ, ದನ ಸಾಯ್ತದೆ. ಸದ್ದು ಎಲ್ಲಿ ಸಾಯ್ತದೆ? ಒಲೆ ಒಗೆ ಓದಂಗೆ ಮ್ಯಾಕೆ ಓಯ್ತದೆ. ಓಗಿ ಮ್ಯಾಗಳಳ್ಳಿ ಆಕಾಸದಲ್ಲಿ ನಿಂತ್ಕತದೆ."

ಮುಚ್ಚಿಹೋದ ಬಾವಿಯ ರಾಟೆ, ಊರು ಬಿಟ್ಟ ಕಮ್ಮಾರನ ಸುತ್ತಿಗೆ, ನನ್ನ ಮುತ್ತಜ್ಜ ಪ್ರೀತಿಯಿಂದ ಸಾಕಿದ್ದ ಎತ್ತಿನ ಗೊರಸು, ಎಲ್ಲ ಅಲ್ಲಿದ್ದವು. ಒಂದು ಸದ್ದು ತಲೆಯ ಮೇಲೆ ಹಾದುಹೋದರೆ ಮ್ಯಾಗಳಳ್ಳಿಯವರು ಒಬ್ಬರ ಮುಖ ಒಬ್ಬರು ನೋಡಿಕೊಂಡು ಇದು ಹಳೇ ಪಟೇಲನ ಸೀನು, ಇದು ಇಂಥವಳ ಬಳೆ ಅಂತ ಕಣ್ಣಲ್ಲೇ ಹೇಳಿಕೊಳ್ಳುತ್ತಿದ್ದರಂತೆ. ಮೋಡ ಕೆಳಗಿಳಿದ ದಿನ ಆ ಸದ್ದುಗಳು ತೊಟ್ಟಿಕ್ಕಿ ನಮಗೂ ಕೇಳಿಸುತ್ತವೆ ಅನ್ನುವುದು ಅಜ್ಜಿಯ ನಂಬಿಕೆ.

ಈ ನಂಬಿಕೆಯಿಂದ ಅಜ್ಜಿಗೇ ಒಂದು ತೊಂದರೆಯಿತ್ತು. ಅವಳ ಬಾಯಿ ನಮ್ಮ ಹೋಬಳಿಗೇ ಹೆಸರುವಾಸಿ. ಪಕ್ಕದ ಮನೆಯ ಕೋಳಿ ನಮ್ಮ ಅಂಗಳಕ್ಕೆ ಕಾಲಿಟ್ಟರೆ ಕೋಳಿಯಿಂದ ಶುರುವಾದ ಬೈಗುಳ ಅವರ ಮೂರು ತಲೆಮಾರನ್ನು ಮುಟ್ಟಿ ಬರುತ್ತಿತ್ತು. ಆದರೆ ಮೋಡ ಕವಿದ ದಿನ ಮ್ಯಾಗಳಳ್ಳಿ ಹತ್ತಿರವಿರುತ್ತದಲ್ಲ, ತನ್ನ ಬೈಗುಳ ಅಲ್ಲೇ ಶಾಶ್ವತವಾಗಿ ನಿಂತುಬಿಟ್ಟರೆ ಗತಿಯೇನು ಅಂತ ಅವಳು ಹಲ್ಲು ಕಚ್ಚಿ ಪಿಸುಗುಟ್ಟುತ್ತ ಬೈಯುತ್ತಿದ್ದಳು. ಪಕ್ಕದ ಮನೆಯವರಿಗೆ ಇದು ಗೊತ್ತಾಗಿ, ಆಷಾಢ ಶ್ರಾವಣದಲ್ಲಿ ಕೋಳಿಗಳನ್ನು ಧಾರಾಳವಾಗಿ ಬಿಡುತ್ತಿದ್ದರು.

ಇನ್ನು ನಮ್ಮವ್ವನ ವಿಷಯ. ಅವಳ ಹೆಸರು ಚೆನ್ನಾಜಿ, ಮಳವಳ್ಳಿ ಕಡೆಯ ಹೆಣ್ಣು. ಮದುವೆಯಾಗಿ ಸ್ವಲ್ಪ ಕಾಲ ಅಜ್ಜಿಯ ಜೊತೆ ಊರಿನಲ್ಲಿದ್ದು, ನಾನು ಕೈಕೂಸಾಗಿದ್ದಾಗ ಅಪ್ಪನ ಜೊತೆ ಮದ್ದೂರಿಗೆ ಹೋದಳು. ಅಪ್ಪ ಅಲ್ಲಿ ರೈಲ್ವೆ ಸ್ಟೇಷನ್ನಿಗೆ ಬೆಲ್ಲದ ಗಾಡಿ ಹೊಡೆಯುತ್ತಿದ್ದ. ನನಗೆ ಮೂರು ವರ್ಷವಾಗಿದ್ದಾಗ ಮದ್ದೂರಿನಲ್ಲೇ ಜ್ವರ ಬಂದು ಅವ್ವ ಹೋದಳು. ಅಪ್ಪ ನನ್ನನ್ನು ತಂದು ಅಜ್ಜಿಯ ಮಡಿಲಿಗೆ ಹಾಕಿ, ಮಂಡ್ಯದ ಸಕ್ಕರೆ ಕಾರ್ಖಾನೆಗೆ ಕಬ್ಬಿನ ಗಾಡಿ ಹೊಡೆಯಲು ಹೋದ. ವಾರಕ್ಕೊಮ್ಮೆ ಬಂದು ಹೋಗುತ್ತಿದ್ದ. ಅವನ ಮುಂದೆ ಅವ್ವನ ಮಾತೆತ್ತಿದರೆ ಎದ್ದು ಹೋಗಿ ಎತ್ತಿನ ಮೈ ಉಜ್ಜಲು ಶುರು ಮಾಡುತ್ತಿದ್ದ. ನಮ್ಮ ಎತ್ತುಗಳು ಆ ಕಾಲದಲ್ಲಿ ಬಹಳ ಹೊಳೆಯುತ್ತಿದ್ದವು.

ಅವ್ವನ ಮುಖ ನನಗೆ ಅಷ್ಟಿಷ್ಟು ಸಿಕ್ಕಿತ್ತು. ಮೂಗು ಅವಳದೇ ಅಂತ ಎಲ್ಲರೂ ಹೇಳುತ್ತಿದ್ದರಿಂದ ಹಿತ್ತಾಳೆ ಬಿಂದಿಗೆಯಲ್ಲಿ ನನ್ನ ಮೂಗು ನೋಡಿಕೊಂಡು ಮಿಕ್ಕದ್ದನ್ನು ಊಹಿಸಿಕೊಳ್ಳುತ್ತಿದ್ದೆ. ದನಿ ಮಾತ್ರ ಸಿಗಲಿಲ್ಲ. ಬೇರೆ ಮಕ್ಕಳ ಅವ್ವಂದಿರು ಸಂಜೆ ಬಾಗಿಲಲ್ಲಿ ನಿಂತು ಹೆಸರು ಹಿಡಿದು ಕೂಗುವಾಗ, ನನ್ನವ್ವ ಕೂಗಿದ್ದರೆ ಹೇಗೆ ಕೂಗುತ್ತಿದ್ದಳು ಅಂತ ಕಿವಿಯೊಳಗೇ ಹುಡುಕುತ್ತಿದ್ದೆ. ಏನೂ ಇರುತ್ತಿರಲಿಲ್ಲ. ಅಷ್ಟು ಆಸೆ ನನಗೆ ಆಮೇಲೆ ಬಂಗಾರದ ಮೇಲೂ ಬರಲಿಲ್ಲ, ಗಂಡನ ಮೇಲೂ ಬರಲಿಲ್ಲ. ಅವ್ವನ ದನಿಯನ್ನು ಒಂದೇ ಒಂದು ಸಲ ಕೇಳಬೇಕು, ಅಷ್ಟೆ.

ಒಂದು ದಿನ ತಡೆಯಲಾರದೆ ಅಜ್ಜಿಯನ್ನು ಕೇಳಿದೆ, "ಅಜ್ಜಿ, ನಮ್ಮವ್ವನ್ದು ಏನಾರ ಮ್ಯಾಗಳಳ್ಳೀಲಿ ಅದಾ?"

ಅಜ್ಜಿಯ ಕೈಯಲ್ಲಿದ್ದ ಮೊರ ನಿಂತಿತು. "ಅದೆ ಕಣವ್ವ. ಅವಳ ಆಡು ಅದೆ," ಅಂದಳು. ಅಂದವಳೇ ಸೆರಗಿನಿಂದ ಮುಖ ಒರೆಸಿಕೊಂಡು ಒಳಗೆ ಹೋದಳು. ಅವಳು ಹಾಗೆ ಮುಖ ಮುಚ್ಚಿಕೊಂಡದ್ದನ್ನು ನಾನು ನೋಡಿದ್ದು ಅದೇ ಮೊದಲು. ಮತ್ತೆ ಕೇಳುವ ಧೈರ್ಯ ಬರಲಿಲ್ಲ.

ಕೇಳುವ ಅಗತ್ಯವೂ ಇರಲಿಲ್ಲ, ಯಾಕೆಂದರೆ ಆಡು ಅಂದರೇನು ಅಂತ ನನಗೆ ಗೊತ್ತಿತ್ತು. ಆ ವರ್ಷವಷ್ಟೇ ಸ್ಕೂಲಿಗೆ ಸೇರಿದ್ದೆ. ನಮ್ಮ ಮೇಷ್ಟರು ಮೈಸೂರಿನವರು. ನಮ್ಮೂರ ಮಕ್ಕಳ ಬಾಯಲ್ಲಿ 'ಹ' ಹೊರಡುವುದಿಲ್ಲ ಅನ್ನುವುದೇ ಅವರ ದೊಡ್ಡ ಸಂಕಟ. "ಹಸು," ಅಂದರೆ ನಾವು "ಅಸು" ಅನ್ನುತ್ತಿದ್ದೆವು. "ಹಕ್ಕಿ ಹಾರಿತು" ಅಂದರೆ "ಅಕ್ಕಿ ಆರಿತು." ಅಂಗೈಯನ್ನು ಬಾಯಿಯ ಮುಂದೆ ಹಿಡಿದು ಗಾಳಿ ತಾಗುವವರೆಗೂ ಹೇಳಬೇಕು ಅನ್ನುತ್ತಿದ್ದರು. ನಾನು ಜಾಣೆ, ತಿಂಗಳೊಳಗೆ ಕಲಿತೆ. ಅಂಥ ಜಾಣೆಗೆ ಆಡು ಗೊತ್ತಿಲ್ಲದೆ ಇರುತ್ತದೆಯೇ? ಪುಸ್ತಕದಲ್ಲಿ 'ಆ' ಅಕ್ಷರದ ಕೆಳಗೆ ಚಿತ್ರವೇ ಇತ್ತು. ಗಡ್ಡ, ಕೊಂಬು, ಮೋಟು ಬಾಲ. ನಮ್ಮೂರಲ್ಲಿ ಆ ಪ್ರಾಣಿಯನ್ನು ಮೇಕೆ ಅನ್ನುತ್ತಿದ್ದರು, ಯಾರೂ ಆಡು ಅನ್ನುತ್ತಿರಲಿಲ್ಲ. ಹೆಂಗಸರು ಬೀಸುವಾಗ, ನಾಟಿ ಹಾಕುವಾಗ ಹೇಳುವುದಕ್ಕೆ ಪದ ಅನ್ನುತ್ತಿದ್ದರು. ಹಾಗಾಗಿ ಆಡು ಅನ್ನುವ ಮಾತು ನನಗೆ ಗೊತ್ತಿದ್ದದ್ದು ಪುಸ್ತಕದಿಂದ ಮಾತ್ರ. ಓದದೆ ಇದ್ದಿದ್ದರೆ ಕೆಡುತ್ತಿರಲಿಲ್ಲ.

ಅವ್ವನ ಆಡನ್ನು ನಾನು ನೋಡಿರಲಿಲ್ಲ, ಆದ್ದರಿಂದ ಅದರ ಬಗ್ಗೆ ಎಲ್ಲವೂ ಗೊತ್ತಿತ್ತು. ಮೈ ಬಿಳಿ, ಒಂದು ಕಿವಿ ಕಪ್ಪು. ಮದ್ದೂರಿನ ಮನೆಯ ಹಿತ್ತಲಲ್ಲಿ ಕಟ್ಟಿರುತ್ತಿತ್ತು. ಅವ್ವ ಹೋದ ಮೇಲೆ ಕೂಗಿ ಕೂಗಿ, ಕೂಗಿನ ಹಿಂದೆಯೇ ತಾನೂ ಮೇಲೆ ಹೋಯಿತು. ಅವ್ವ ಅದಕ್ಕೊಂದು ಹೆಸರಿಟ್ಟಿರುತ್ತಾಳೆ, ಆ ಹೆಸರು ಹಿಡಿದು ಕರೆದಿರುತ್ತಾಳೆ. ಆಡು ಸಿಕ್ಕರೆ ಆ ಕರೆದ ದನಿಯೂ ಅದರ ಬೆನ್ನಿಗೇ ಸಿಗುತ್ತದೆ ಅನ್ನುವುದು ನನ್ನ ಅಂದಾಜು. ಅದಕ್ಕೇ ಮೋಡ ಬಂದ ದಿನ ಅತ್ತಿ ಸೊಪ್ಪು ಮುರಿದು ತಂದು ನಮ್ಮ ಮನೆಯ ಹೆಂಚಿನ ಮೇಲೆ ಎಸೆಯುತ್ತಿದ್ದೆ. ಹಸಿವಾದರೂ ಇಳಿದು ಬರಲಿ ಅಂತ.

ಒಂದು ದಿನ ಅದು ಬಂತು. ಅಜ್ಜಿ ಹೊಲದಲ್ಲಿ ಕಳೆ ಕೀಳುತ್ತಿದ್ದಳು, ನಾನು ಮನೆಯೊಳಗೆ ಕೂತು ಮಗ್ಗಿ ಬರೆಯುತ್ತಿದ್ದೆ. ಮೋಡ ಊರ ಮೇಲೆಯೇ ಕೂತಿತ್ತು. ನೆತ್ತಿಯ ಮೇಲಿಂದ, ಹೆಂಚಿನಾಚೆಯಿಂದ, "ಮ್ಯಾ" ಅಂತ ಕೇಳಿಸಿತು. ಸ್ಲೇಟು ಬಿಸಾಕಿ ಹೊಲದವರೆಗೂ ಓಡಿದೆ.

"ಅಜ್ಜೀ, ಅವ್ವನ ಆಡು ಕೇಳುಸ್ತು. ನಮ್ಮನೆ ಮ್ಯಾಗೇ ಕೇಳುಸ್ತು."

ಅಜ್ಜಿ ಕೈಯಲ್ಲಿದ್ದ ಕಳೆಯನ್ನು ಹಾಗೇ ಬಿಟ್ಟಳು. "ದಿಟ್ವಾ? ಎಂಗೆ ಕೇಳುಸ್ತು ಯೋಳು."

"ಮ್ಯಾ… ಅಂತು."

ಅಜ್ಜಿ ಬದುವಿನ ಮೇಲೆ ಕೂತುಬಿಟ್ಟಳು. "ಅಂಗೇ ಕಣವ್ವ," ಅಂದಳು. "ಅದು ಅಂಗೇ ಸುರುವಾಗೋದು. ಮ್ಯಾ ಅಂತ್ಲೇ." ನನ್ನನ್ನು ಎಳೆದು ಅಪ್ಪಿಕೊಂಡಳು. ಇಬ್ಬರೂ ಆ ಬದುವಿನ ಮೇಲೆ ಕೂತು ಅತ್ತೆವು, ಮಳೆ ಹನಿ ಬಿದ್ದರೂ ಏಳಲಿಲ್ಲ. ಮನೆಗೆ ಬಂದು ನೋಡಿದರೆ ಹೆಂಚು ಒಡೆದು ಅಡುಗೆಮನೆಗೆ ನೀರು ಇಳಿಯುತ್ತಿತ್ತು. ಹುಲ್ಲಿನ ಮೆದೆ ಹತ್ತಿ ನಮ್ಮ ಮನೆಯ ಮೇಲೇರಿದ್ದ ಪಕ್ಕದ ಮನೆಯ ಮೇಕೆ ಇಳಿಯುವ ದಾರಿ ಕಾಣದೆ ಮೂಲೆಯಲ್ಲಿ ನಿಂತಿತ್ತು. ಅಜ್ಜಿ ಮೋಡವನ್ನೂ ಲೆಕ್ಕಿಸದೆ ಪೂರ್ತಿ ಗಂಟಲಲ್ಲಿ ಬೈದಳು. ಆ ಮೇಕೆಗೂ ನಾನು ಕೇಳಿದ ಸದ್ದಿಗೂ ಸಂಬಂಧ ಇರಬಹುದು ಅಂತ ಅವಳಿಗೆ ಹೊಳೆಯಲಿಲ್ಲ. ನನಗೂ ಹೊಳೆಯಲಿಲ್ಲ. ಪಕ್ಕದ ಮನೆಯವರದು ಮೇಕೆ, ಅವ್ವನದು ಆಡು. ನೀವು ನಗಬಹುದು, ನನ್ನ ತಲೆಯಲ್ಲಿ ಅವೆರಡೂ ಬೇರೆ ಬೇರೆ ಪ್ರಾಣಿಗಳಾಗಿದ್ದವು.

ಆಮೇಲೆ ಆಕಾಶದಲ್ಲಿ ಬೇರೆ ಸದ್ದುಗಳು ಹೆಚ್ಚಾದವು. ಯುದ್ಧ ಶುರುವಾಗಿತ್ತು. ಬೆಂಗಳೂರಿನ ಕಡೆಯಿಂದ ಆಗಾಗ ವಿಮಾನ ಬಂದರೆ ಊರಿಗೆ ಊರೇ ಹೊಲದಿಂದ ತಲೆ ಎತ್ತಿ ನೋಡುತ್ತಿತ್ತು. ಅಜ್ಜಿಗೆ ಮಾತ್ರ ಅದರ ಮೇಲೆ ಸಿಟ್ಟು. "ಇವು ಇಂಗೆ ಗುರ್ ಅನ್ಕಂಡು ಓಡಾಡಿದ್ರೆ ಮ್ಯಾಗಳಳ್ಳಿಯೋರು ಅಳೇ ಸದ್ದ ಎಂಗೆ ಕೇಳಾರು?" ಅನ್ನುತ್ತಿದ್ದಳು. ಒಂದು ಸಲ ಅಪ್ಪ ನನ್ನನ್ನು ಕಬ್ಬಿನ ಗಾಡಿಯ ಮೇಲೆ ಕೂರಿಸಿಕೊಂಡು ಹೊರಟಿದ್ದಾಗ, ಗೆಜ್ಜಲಗೆರೆ ದಾಟಿದ ಮೇಲೆ ದೂರದಿಂದ ಉದ್ದಕ್ಕೆ ಒಂದು ಕೂಗು ಬಂತು. ನಾನು ಗಾಡಿಯ ಮೇಲೆ ಎದ್ದು ನಿಂತೆ. "ಅಪ್ಪ, ಅದು ಯಾರದು?" "ಯಾರ್ದೂ ಅಲ್ಲ ಕಣವ್ವ, ಕಾರ್ಖಾನೆ ಕೂಗು. ಪಾಳಿ ಬದಲಾಯ್ತದೆ," ಅಂದ ಅಪ್ಪ. ಅವನಿಗೆ ಸೊಂಟ ನೋವು, ನನಗೆ ನಿರಾಸೆ. ಇಬ್ಬರೂ ಹಾಗೇ ಮಂಡ್ಯ ಸೇರಿದೆವು.

ಮುತ್ತತ್ತಿಗೆ ಹೋದ ಕಥೆಯನ್ನು ಬಿಟ್ಟರೆ ಹೊಟ್ಟೆ ಉಬ್ಬುತ್ತದೆ, ಹೇಳಿಬಿಡುತ್ತೇನೆ. ಆಂಜನೇಯನಿಗೆ ಹರಕೆ ಇತ್ತು. ಪೂಜೆ ಮುಗಿಸಿ ಕಾವೇರಿಯ ದಡದಲ್ಲಿ ಬುತ್ತಿ ಬಿಚ್ಚಿದಾಗ ಅಜ್ಜಿ ಎದುರಿನ ಬೆಟ್ಟ ತೋರಿಸಿ, "ಇಲ್ಲಿ ಮ್ಯಾಗಳಳ್ಳಿ ಬಾಳ ಅತ್ರ. ಒಂದ್ಸಲ ಕರಿ ನಿಮ್ಮವ್ವನ," ಅಂದಳು. ಅವ್ವನನ್ನು ಕರೆಯಲು ನಾಚಿಕೆಯಾಯಿತು, ಯಾವತ್ತೂ ಕರೆದು ಅಭ್ಯಾಸವಿರಲಿಲ್ಲ. ಅದಕ್ಕೆ ಆಡನ್ನು ಕರೆದೆ. ನಾಲಗೆ ತಿರುಗಿಸಿ, ಮೇಕೆ ಕಾಯುವವರ ಹಾಗೆ ಗಟ್ಟಿಯಾಗಿ. ಬೆಟ್ಟ ಅದನ್ನೇ ನನಗೆ ವಾಪಸ್ಸು ಹೇಳಿತು. ಪಕ್ಕದಲ್ಲಿ ಊಟಕ್ಕೆ ಕೂತಿದ್ದ ಜನ ತಮ್ಮ ಎಲೆಗಳನ್ನು ಹತ್ತಿರ ಎಳೆದುಕೊಂಡು ಮೇಕೆ ಎಲ್ಲಿ ಅಂತ ಸುತ್ತ ನೋಡಿದರು. "ತಾಯಿ ಕರಿಯೋ ರೀತಿನಾ ಇದು," ಅಂತ ಅಜ್ಜಿ ನನ್ನ ತಲೆಗೆ ಮೊಟಕಿದಳು. ನಮ್ಮ ತಪ್ಪು ಬಯಲಾಗಲು ಅವತ್ತು ಕೂದಲೆಳೆಯಷ್ಟೇ ಬಾಕಿ ಇತ್ತು. ಆದರೆ ಅಜ್ಜಿ ಮೊಸರನ್ನ ಕಲಸಿ ಕೈಗೆ ಹಾಕಿದಳು, ನಾನು ತಿಂದೆ, ಮಾತು ಅಲ್ಲಿಗೇ ನಿಂತಿತು.

ವಯಸ್ಸು ಹದಿನಾಲ್ಕಾಗುವಷ್ಟರಲ್ಲಿ ಮ್ಯಾಗಳಳ್ಳಿಯ ಮೇಲಿನ ನಂಬಿಕೆ ಹೋಗಿತ್ತು. ಆಡು ಮಾತ್ರ ಹೋಗಿರಲಿಲ್ಲ. ಅವ್ವ ಮದ್ದೂರಿನಲ್ಲಿ ಒಂದು ಮೇಕೆ ಸಾಕಿದ್ದಳು, ಅದು ಸತ್ತಿತು, ಅಜ್ಜಿ ಅದನ್ನು ಕಥೆ ಮಾಡಿ ಹೇಳಿದಳು ಅಂತ ದೊಡ್ಡವಳ ಹಾಗೆ ಅರ್ಥ ಮಾಡಿಕೊಂಡಿದ್ದೆ. ಸ್ವಾತಂತ್ರ್ಯ ಬರುವುದಕ್ಕೆ ಹಿಂದಿನ ವರ್ಷ ಇರಬೇಕು, ಚಿಕ್ಕಪ್ಪನ ಮಗಳ ಮದುವೆ ಗೊತ್ತಾಯಿತು. ತಾಮ್ರದ ಪಾತ್ರೆಗಳಿಗೆ ಕಲಾಯಿ ಹಾಕಿಸಬೇಕು. ಯುದ್ಧದ ದೆಸೆಯಿಂದ ಬಳಿಯುವ ತವರ ಸಿಗದೆ, ಊರೂರು ತಿರುಗುವ ಕಲಾಯಿಯವನು ಬರುವುದನ್ನೇ ಬಿಟ್ಟಿದ್ದ. ಪಾತ್ರೆಗಳನ್ನು ಮದ್ದೂರಿಗೇ ಒಯ್ಯಬೇಕಾಯಿತು. ಸ್ವಂತ ಸೊಸೆಯನ್ನು ನುಂಗಿದ ಊರು ಅಂತ ಅಜ್ಜಿ ಮದ್ದೂರಿಗೆ ಕಾಲಿಡುತ್ತಿರಲಿಲ್ಲ, ನನ್ನನ್ನೂ ಕಳಿಸುತ್ತಿರಲಿಲ್ಲ. ಅವತ್ತು ಮಂಡಿ ನೋವಿಗೆ ಸೋತು, "ಓಗು, ಪಾತ್ರೆ ಕಡೆ ಒಂದು ಕಣ್ಣಿರ್ಲಿ," ಅಂತ ಅಪ್ಪನ ಜೊತೆ ಕಳಿಸಿದಳು.

ಅಪ್ಪ ನನ್ನನ್ನು ಕಲಾಯಿ ಸಾಬರ ಅಂಗಡಿಯ ಮುಂದೆ ಇಳಿಸಿ, ಎತ್ತಿಗೆ ನೀರು ಕುಡಿಸುವ ನೆಪದಲ್ಲಿ ಮಾಯವಾದ. ಸಾಬರು ಪಾತ್ರೆ ಬಡಿಯುತ್ತಿದ್ದರು, ಒಬ್ಬ ಆಳು ಕುಲುಮೆಯ ತಿದಿ ಒತ್ತುತ್ತಿದ್ದ, ಕಿವಿ ತೂತಾಗುವಷ್ಟು ಗದ್ದಲ. ಹಿಂದಿನ ಬಾಗಿಲಿಂದ ಸಾಬರ ಹೆಂಡತಿ ಜೈನಬಿ ಬಂದರು. ನನ್ನ ಮೂಗು ನೋಡಿದರು, ಮತ್ತೊಮ್ಮೆ ನೋಡಿದರು.

"ಯಾರ ಮಗಳಮ್ಮ ನೀನು?"

"ಗಾಡಿ ಜವರಪ್ಪನ ಮಗಳು."

"ಯಾ ಅಲ್ಲಾ. ಚೆನ್ನಾಜಿ ಮಗಳಾ." ಮಸಿ ಕೈಯನ್ನು ಸೀರೆಗೆ ಒರೆಸಿಕೊಂಡು ನನ್ನ ಗಲ್ಲ ಹಿಡಿದುಕೊಂಡರು. ನಾವು ಮೊದಲಿದ್ದ ಮನೆ ಅವರ ಮನೆಗೆ ಅಂಟಿಕೊಂಡೇ ಇತ್ತಂತೆ. ಎರಡು ಮನೆಗೂ ಒಂದೇ ಹಿತ್ತಲು, ಒಂದೇ ಬೀಸುವ ಕಲ್ಲು. ನನ್ನನ್ನು ಕಂಕುಳಲ್ಲಿ ಇಟ್ಟುಕೊಂಡು ಬೆಳೆಸಿದವರು ಅವರು. ನನಗೆ ಒಂದೂ ನೆನಪಿರಲಿಲ್ಲ. ಗದ್ದಲದ ನಡುವೆ ಅವರು ಕಿವಿಯ ಹತ್ತಿರ ಬಾಗಿ ಕೇಳಿದರು. ನನಗೆ ಕೇಳಿಸಿದ್ದು ಇಷ್ಟು: ಅಮ್ಮನ ಆಡು ನೆನಪೈತಾ ಬೇಟಿ?

ಆಡು ಇದ್ದದ್ದು ನಿಜ. ನೋಡಿದವರು ಎದುರಿಗೇ ಇದ್ದಾರೆ.

"ಇಲ್ಲ, ನಾನು ನೋಡಿಲ್ಲ," ಅಂದೆ. "ಬಿಳೀದಾ ಅದು?"

"ಏನು ಬಿಳೀದು?"

"ಅವ್ವನ ಆಡು. ಒಂದು ಕಿವಿ ಕರೀದಿತ್ತಾ?"

ಜೈನಬಿ ನನ್ನನ್ನೇ ನೋಡಿದರು. ಆಮೇಲೆ ಒಳಗೆ ತಿರುಗಿ ಕೈ ಎತ್ತಿದರು. ಬಡಿಯುವುದು ನಿಂತಿತು, ತಿದಿಯೂ ನಿಂತಿತು. "ಹಾಡು ಬೇಟಿ," ಅಂದರು. "ಹಾಡು. ಬಾಯಲ್ಲಿ ಹಾಡೋದು. ಅದಕ್ಕೆ ಕಿವಿ ಎಲ್ಲಿಂದ ಬಂತು?"

ಜೈನಬಿಯ ಮನೆ ಮಾತು ಉರ್ದು. ಕನ್ನಡವನ್ನು ಅವರು ಎಷ್ಟು ಸೊಟ್ಟ ಮಾಡಿದರೂ 'ಹ' ಮಾತ್ರ ಅವರ ಬಾಯಲ್ಲಿ ಉದುರುತ್ತಿರಲಿಲ್ಲ. ಆ ಉಸಿರು ನನ್ನ ಮುಖಕ್ಕೇ ತಾಗಿತು. ಮೇಷ್ಟರು ಅಂಗೈ ಮುಂದೆ ಹಿಡಿಸಿ ಕಲಿಸಿದ್ದ ಗಾಳಿ. ಪುಸ್ತಕದ ಮಾತಿಗೆಲ್ಲ ಅದನ್ನು ಹಾಕಿ ಹೇಳುತ್ತಿದ್ದವಳು, ಅಜ್ಜಿ ಹೇಳಿದ ಒಂದೇ ಒಂದು ಮಾತಿಗೆ ಹಾಕಿ ನೋಡಿರಲಿಲ್ಲ. ಮೊದಲು ನಗು ಬಂತು. ಆಮೇಲೆ ನನ್ನ ಆಡು ಸತ್ತೇಹೋಯಿತಲ್ಲ ಅಂತ ಅಳು ಬಂತು. ಬಿಳಿ ಮೈ, ಕಪ್ಪು ಕಿವಿ, ಅಷ್ಟು ವರ್ಷ ಎಸೆದ ಅತ್ತಿ ಸೊಪ್ಪು. ಅದು ಹೋದ ಜಾಗಕ್ಕೆ ಅವ್ವನ ಹಾಡು ಬಂದಿದೆ ಅನ್ನುವುದು ತಿಳಿಯಲು ಸ್ವಲ್ಪ ಹೊತ್ತು ಬೇಕಾಯಿತು. ತಿಳಿದ ಮೇಲೆ ಜೈನಬಿಯ ಕೈ ಹಿಡಿದು, ಹಾಡಿ ಅಂದೆ.

"ಮಾತು ನಂಗೆ ಗೊತ್ತಿಲ್ಲ," ಅಂದರು ಅವರು. "ಆಗ ಚನ್ನಪಟ್ಟಣದಿಂದ ಹೊಸದಾಗಿ ಬಂದಿದ್ದೆ, ಕನ್ನಡ ಬರ್ತಾನೇ ಇರ್ಲಿಲ್ಲ. ಆಕೆ ಹಾಡೋಳು, ನಾನು ಎದುರಿಗೆ ಕೂತು ಕಲ್ಲು ತಿರುಗಿಸೋಳು. ರಾಗ ಮಾತ್ರ ಐತೆ ನನ್ನ ಹತ್ರ." ಕಣ್ಣು ಮುಚ್ಚಿ ಗುನುಗಿದರು. ಮೇಲೆ ಹೋಗಿ, ಅಲ್ಲಿ ಒಂದು ಗಳಿಗೆ ನಿಂತು, ತೂಗುತ್ತ ಇಳಿಯುವ ರಾಗ. ಎರಡು ಸಲ ಹೇಳಿಸಿಕೊಂಡೆ. ದಾರಿಯುದ್ದಕ್ಕೂ ಮರೆಯಬಾರದು ಅಂತ ಅಪ್ಪನ ಜೊತೆ ಒಂದು ಮಾತೂ ಆಡಲಿಲ್ಲ.

ಮನೆಗೆ ಬಂದವಳೇ ಅಜ್ಜಿಯ ಮುಂದೆ ನಿಂತೆ. "ಅಜ್ಜಿ, ಅವ್ವನದು ಹಾಡು."

"ಅದೇ ಅಲ್ವಾ ನಾನು ಯೋಳಿದ್ದು, ಆಡು ಅಂತ."

"ನಾನು ಮೇಕೆ ಅನ್ಕಂಡಿದ್ದೆ."

ಅಜ್ಜಿಗೆ ಅರ್ಥವಾಗಲು ಹೊತ್ತು ಹಿಡಿಯಿತು. ಅರ್ಥವಾದ ಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕಳು. ನಗುನಗುತ್ತಲೇ ಏನೋ ನೆನಪಾಗಿ ಅವಳ ಮುಖ ಬಿಗಿಯಿತು. "ಅಂಗಾರೆ ಅವತ್ತು ಓಡ್ಬಂದು ಯೋಳುದ್ಯಲ್ಲ, ಕೇಳುಸ್ತು ಅಂತ?"

"ಮೇಕೆ ಅಜ್ಜಿ. ಪಕ್ಕದ್ಮನೇದು."

ಸೊಸೆಯ ಹಾಡು ಒಂದು ದಿನ ಮೋಡದಿಂದ ಇಳಿದು ನಮ್ಮ ಮನೆಯ ಮೇಲೆ ಕೇಳಿಸಿತ್ತು ಅಂತ ಅಷ್ಟು ವರ್ಷ ಅಜ್ಜಿ ನಂಬಿಕೊಂಡಿದ್ದಳು. ನಾನು ಕಳೆದುಕೊಂಡದ್ದು ಮೇಕೆ, ಅವಳು ಕಳೆದುಕೊಂಡದ್ದು ಅದಕ್ಕಿಂತ ದೊಡ್ಡದು. ಅವಳ ಪಕ್ಕದಲ್ಲಿ ಕೂತುಕೊಂಡೆ. ಆ ಹಾಡಿನ ಮಾತು ಏನು ಅಂತ ಮೆಲ್ಲಗೆ ಕೇಳಿದೆ. ಅಜ್ಜಿ ಗೋಡೆ ನೋಡುತ್ತ, ರಾಗವಿಲ್ಲದೆ, ಸಾಮಾನಿನ ಪಟ್ಟಿ ಹೇಳಿದ ಹಾಗೆ ಹೇಳಿದಳು:

ಮ್ಯಾಗಳಳ್ಳೀಗೋಗಾನ ಬಾರೆ ನನ ಕೂಸೆ
ಕೂಗೀದ ಕೂಗೆಲ್ಲ ಅಲ್ಲೇ ಅವೆ, ಅಲ್ಲಿನ್ನೂ
ತೂಗೀದ ತೊಟ್ಲು ತೂಗ್ತದೆ

"ಮ್ಯಾಗಳಳ್ಳಿ ಅವ್ವನ್ದಾ?" ಅಂದೆ. ನನಗೆ ಬೇರೆ ಏನೂ ಕೇಳಲು ತೋಚಲಿಲ್ಲ.

"ಮತ್ತೆ? ಅಂತ ಊರ ಕಟ್ಟಾಕೆ ನಂಗೆ ಬತ್ತದಾ? ಅವಳು ನಿನ್ನ ಮಲಗುಸ್ತಾ ಕಟ್ಟಿದ್ದು. ಇದ್ಯಾವ ಪದನೇ, ತಲೆ ಇಲ್ಲ ಬಾಲ ಇಲ್ಲ, ಅಂತ ನಾನೇ ಬಯ್ತಿದ್ದೆ. ಪದ ಅಲ್ಲ ಕಣತ್ತೆ, ನನ್ನ ಆಡು, ಅನ್ನೋಳು. ಅವಳು ಓದ್ಮೇಲೆ ನಿಂಗೆ ಕತೆ ಮಾಡಿ ಯೋಳ್ದೆ."

"ಆಡಿ ಯಾಕೆ ತೋರುಸ್ನಿಲ್ಲ?"

"ನನ್ನ ಗಂಟಲು ಎಣ್ಣೆ ಕಾಣದ ಗಾಡಿ ಅಚ್ಚು. ಅದ್ರಲ್ಲಿ ಕೇಳಿದ್ರೆ ನಿನ್ನ ಕಿವೀಲಿ ನನ್ನ ದನಿಯೇ ಕುಂತ್ಕತಿತ್ತು. ಅವಳ್ದು ಬರಾಕೆ ಜಾಗ ಇರ್ತಿರ್ಲಿಲ್ಲ." ರಾಗ ಕಲಾಯಿ ಸಾಬರ ಹೆಂಡತಿಯ ಹತ್ತಿರ ಇದೆ ಅಂದೆ. ಅಜ್ಜಿ ತಾನೇ ಎದ್ದು ಕಂಬ ಹಿಡಿದುಕೊಂಡಳು. "ಪಾತ್ರೆ ಯಾವತ್ತು ಕೊಡ್ತಾರಂತೆ? ನಾನೂ ಬತ್ತೀನಿ. ಆ ಸಾಬರಮ್ಮನೂ ಮರ್ತುಗಿರ್ತಾಳು, ವಯಸ್ಸಾಯ್ತದೆ."

ಹೀಗೆ ಅಜ್ಜಿ ಮದ್ದೂರಿಗೆ ಹೋದಳು. ಕುಡಿಯುವ ನೀರನ್ನು ಚೊಂಬಿನಲ್ಲಿ ತಾನೇ ತಂದುಕೊಂಡು, ಜೈನಬಿಯ ಮನೆಯ ಜಗಲಿಯ ತುದಿಯಲ್ಲಿ ಒಳಗೆ ಬರುವುದಿಲ್ಲ ಅನ್ನುವ ಹಾಗೆ ಕೂತಳು. ಜೈನಬಿ ಇನ್ನೊಂದು ತುದಿಯಲ್ಲಿ ಕೂತರು. ಮಧ್ಯಾಹ್ನ ಸಾಬರು ನಮಾಜಿಗೆ ಹೋಗಿದ್ದರಿಂದ ಅಂಗಡಿ ಸದ್ದಿಲ್ಲದೆ ಇತ್ತು. ಬೀದಿಯಲ್ಲಿ ಬಿಸಿಲು ಬಿಟ್ಟರೆ ಯಾರೂ ಇರಲಿಲ್ಲ.

"ಎಲ್ಲಿ, ಆ ರಾಗ ಅನ್ನು," ಅಂದಳು ಅಜ್ಜಿ. ಜೈನಬಿ ಗುನುಗಿದರು, ಅಜ್ಜಿ ಮಾತು ಜೋಡಿಸಿದಳು. ಜೋಡಿಯಾಗಲಿಲ್ಲ. ಅಜ್ಜಿಯ ಮಾತು ಮುಗಿದರೂ ಜೈನಬಿಯ ರಾಗ ಇನ್ನೂ ಉಳಿಯುತ್ತಿತ್ತು. ಅಲ್ಲಿ ಇಳಿಯಬೇಕು ಅಂತ ಒಬ್ಬಳು, ಅಲ್ಲ, ಇನ್ನೂ ಮೇಲಿರಬೇಕು ಅಂತ ಇನ್ನೊಬ್ಬರು. "ನಿಂಗೇನ್ ಗೊತ್ತಮ್ಮ, ನನ್ನ ಸೊಸೆ." "ಹೌದಮ್ಮ, ಆದ್ರೆ ಕಲ್ಲು ತಿರುಗಿಸಿದ್ದು ನಾನು." ಹೀಗೆ ಜಗಳ ಮಾಡುತ್ತ ಮಾಡುತ್ತ ಇಬ್ಬರೂ ಜಗಲಿಯ ನಡುವೆ ಬಂದು ಕೂತಿದ್ದರು. ಕೊನೆಗೆ ಗೊತ್ತಾಯಿತು, ನಡುವೆ ಒಂದು ಸಾಲು ಇತ್ತು, ಅಜ್ಜಿಗೆ ಅದು ಮರೆತುಹೋಗಿತ್ತು. ಎಷ್ಟು ಹಣೆ ಚಚ್ಚಿಕೊಂಡರೂ ಬರಲಿಲ್ಲ. ಆ ಸಾಲು ಇವತ್ತಿಗೂ ಬರೀ ರಾಗವಾಗಿಯೇ ಉಳಿದಿದೆ.

"ಅವ್ವನ ದನಿ ಹೀಗೇ ಇತ್ತಾ?" ಅಂತ ಜೈನಬಿ ಗುನುಗುವಾಗ ಕೇಳಿದೆ.

ಇಬ್ಬರೂ ಒಟ್ಟಿಗೆ ಇಲ್ಲ ಅಂದರು. ಅವತ್ತು ಅವರು ಒಪ್ಪಿಕೊಂಡದ್ದು ಅದೊಂದನ್ನೇ. ಹೇಗಿತ್ತು ಅಂದರೆ ಹೇಳಲು ಇಬ್ಬರಿಗೂ ಆಗಲಿಲ್ಲ. ತೆಳ್ಳಗೆ ಅಂದಳು ಅಜ್ಜಿ. ತೆಳ್ಳಗಲ್ಲ, ಮೆತ್ತಗೆ ಅಂದರು ಜೈನಬಿ. ಅಷ್ಟು ದೂರ ಬಂದು, ಮಾತೂ ಸಿಕ್ಕಿ ರಾಗವೂ ಸಿಕ್ಕಿ, ನನಗೆ ಬೇಕಾದದ್ದೇ ಸಿಗಲಿಲ್ಲವಲ್ಲ ಅಂದೆ.

"ನೀನು ಹಾಡು ಬೇಟಿ," ಅಂದರು ಜೈನಬಿ. "ಮಾತು ರಾಗ ಎರಡೂ ಈಗ ನಿನ್ನ ಹತ್ರ ಮಾತ್ರ ಐತೆ."

ನಾನು ಯಾರ ಮುಂದೆಯೂ ಹಾಡಿದವಳಲ್ಲ. ಬೀದಿಯ ಕಡೆ ಮುಖ ಮಾಡಿಕೊಂಡು, ಕೆಮ್ಮಿ, ಶುರು ಮಾಡಿದೆ. ಮೊದಲ ಸಾಲು ಮುಗಿಯುವಷ್ಟರಲ್ಲಿ ಹಿಂದೆ ಏನೋ ಬಿದ್ದ ಸದ್ದಾಯಿತು. ತಿರುಗಿ ನೋಡಿದರೆ ಅಜ್ಜಿಯ ಚೊಂಬು ಉರುಳಿ ನೀರು ಜಗಲಿಯ ಮೇಲೆ ಹರಿಯುತ್ತಿತ್ತು. ಅಜ್ಜಿ ಅದನ್ನು ಎತ್ತಿಕೊಳ್ಳಲಿಲ್ಲ. ಜೈನಬಿ ಸೆರಗನ್ನು ಬಾಯಿಗೆ ಒತ್ತಿಕೊಂಡು ಅಜ್ಜಿಯ ಭುಜ ಹಿಡಿದುಕೊಂಡಿದ್ದರು.

"ಚೆನ್ನಾಜಿ," ಅಂದಳು ಅಜ್ಜಿ.

ನನ್ನ ಹೆಸರು ಅದಲ್ಲ. ನನ್ನ ಹೆಸರು ನಿಂಗಮ್ಮ. ನಾನು ಹಾಡುವುದನ್ನು ನಿಲ್ಲಿಸಿದೆ.

"ನಿಲ್ಲುಸ್ಬ್ಯಾಡ ಕಣೆ," ಅಂದಳು ಅಜ್ಜಿ. ಕಣ್ಣು ಮುಚ್ಚಿಕೊಂಡಿದ್ದಳು. "ಅನ್ನು. ಇನ್ನೊಂದ್ಸಲ ಅನ್ನು."

ಮತ್ತೆ ಮೊದಲಿನಿಂದ ಹಾಡಿದೆ. ಎಷ್ಟು ಸಲ ಕೇಳಿದರೋ ಅಷ್ಟು ಸಲ ಹಾಡಿದೆ. ಆ ಮಧ್ಯಾಹ್ನ ಮದ್ದೂರಿನ ಆ ಜಗಲಿಯ ಮೇಲೆ ಅವರಿಬ್ಬರೂ ನಮ್ಮವ್ವನ ದನಿಯನ್ನು ಮನಸಾರೆ ಕೇಳಿದರು. ನನಗೊಬ್ಬಳಿಗೆ ಕೇಳಿಸಲಿಲ್ಲ. ನಾನು ಹಾಡುತ್ತಿದ್ದೆ.